ಸಾಲಹಳ್ಳಿಯ ಕಂಬಳಿಕೊಪ್ಪೆ

ಕಳೆದ ಮಾರ್ಗಶಿರದಲ್ಲಿ ರಾಮದುರ್ಗ ತಾಲ್ಲೂಕಿನ ಸಾಲಹಳ್ಳಿಗೆ ಹೋಗಿದ್ದೆನು. ಬೆಳಗಿನ ಕುಳಿರ್ಗಾಳಿಗೆ ನನ್ನ ಹೆಣಿಗೆಯ ಟೊಪ್ಪಿಗೆಯೊಳಗೂ ಕಿವಿಗಳು ಮರಗಟ್ಟಿದ್ದವು. ಊರ ಹೊರಗೆ ಹಿಂಡು ತರುಬಿದ್ದ ಹಾಲುಮತದ ಮುದುಕನೊಬ್ಬನು ಕರಿಕಂಬಳಿಯ ಕೊಪ್ಪೆ ಹೊದ್ದು ನಿಶ್ಚಿಂತನಾಗಿ ನಿಂತಿದ್ದನು. "ಯಜಮಾನ್ರ, ಟೊಪಗಿ ಬರೇ ತಲಿಗಾತ್ರಿ, ಬೆನ್ನಿಗೇನ್ ಮಾಡ್ತೀರಿ?" ಎಂದು ನಕ್ಕನು.

ಟೊಪ್ಪಿಗೆಗೆ ಕತ್ತರಿ, ಸೂಜಿಗಳು ಬೇಕು. ಕೊಪ್ಪೆಗೆ ಎರಡೂ ಬೇಡ. ಅವನು ಕಂಬಳಿಯನ್ನು ಬಿಚ್ಚಿ, ಎರಡಾಗಿ ಮಡಚಿ, ಮೇಲಂಚುಗಳನ್ನು ಕೂಡಿಸಿ ಕಟ್ಟಿದನು. ತಲೆಗೆ ಚೂಪಾದ ಗೂಡಾಯಿತು. ಮಿಕ್ಕದ್ದು ಬೆನ್ನು ಮುಚ್ಚಿ ಮೊಣಕಾಲಿಗಿಳಿಯಿತು.

ನಮ್ಮ ಕೂಸುಗಳ ಕುಲಾವಿಯು ಪಾರಸಿಯ 'ಕುಲಾಹ'ದಿಂದ ಬಂದ ಮಾತು. ಕಂಬಲವಾದರೋ ಪಾಣಿನಿಗೂ ಪರಿಚಿತ. ಅವನ ಸೂತ್ರವೊಂದನ್ನು ವಿವರಿಸುತ್ತ ಕಾಶಿಕಾವೃತ್ತಿಯು 100 ಪಲ ಉಣ್ಣೆಗೆ 'ಕಂಬಲ್ಯ'ವೆಂಬ ಹೆಸರು ಹೇಳುತ್ತದೆ. ಅದನ್ನು ಎಷ್ಟೋ ಸಲ ಪಾಠ ಹೇಳಿದವನ ಮೂಗಿಗೆ ಆ ಉಣ್ಣೆಯ ವಾಸನೆ ಬಡಿದುದು ಅಂದೇ!

ದಖ್ಖನಿ ಕುರಿಯ ಉಣ್ಣೆ ಒರಟು. ಹುಟ್ಟುಗಪ್ಪಾದುದರಿಂದ ಬಣ್ಣ ಬೇಡ. ಹೆಂಗಸರು ರಾಟಿಯಲ್ಲಿ ನೂಲುವರು, ಗಂಡಸರು ಕುಣಿಮಗ್ಗದಲ್ಲಿ ನೇಯುವರು. ಹಾಸುನೂಲಿಗೆ ಹುಣಸೆಬೀಜದ ಗಂಜಿ. ಮೈಗೆ ಚುಚ್ಚುವುದೇನೋ ನಿಜ, ಆದರೆ ಮಳೆಹನಿ ಬೇಗನೆ ಒಳಗಿಳಿಯದು.

ಈಗ ಆ ಉಣ್ಣೆಯನ್ನು ಕೇಳುವವರು ವಿರಳ. ಮಾಂಸದ ಲಾಭಕ್ಕಾಗಿ ಉಣ್ಣೆಯಿಲ್ಲದ ತಳಿಯ ಟಗರುಗಳನ್ನು ಬಿಟ್ಟುದರಿಂದ ದಖ್ಖನ್ನಿನ ಹಲವೆಡೆ ಹಿಂಡುಗಳ ಮೈಯೇ ಬೋಳಾಗುತ್ತಿದೆ. ಮುದುಕನ ಮೊಮ್ಮಗನ ತಲೆಯ ಮೇಲಿದ್ದುದೂ ಸಂತೆಯ ನೈಲಾನ್ ಟೊಪ್ಪಿಗೆಯೇ.

ಒಂದು ಕಂಬಳಿಯನ್ನು ಕೊಂಡು ತಂದೆನು. ಮನೆಯಲ್ಲಿ ಮೊಮ್ಮಗನಿಗೆ ಕೊಪ್ಪೆ ಕಟ್ಟಿ ತೋರಿಸಹೋದರೆ ಮೂರು ಸಲವೂ ಗೂಡು ಕುಸಿಯಿತು. ಬರುವ ರಜೆಗೆ ಹುಡುಗನನ್ನೇ ಸಾಲಹಳ್ಳಿಗೆ ಕರೆದೊಯ್ಯಬೇಕೆಂದಿದ್ದೇನೆ.