ಜಾಮೀನಿನ ಸಹಿ

ಮದ್ಯ, ಮಾಂಸ, ಮಧುಗಳ ತ್ಯಾಗವು ಶ್ರಾವಕನ ಮೂಲಗುಣಗಳಲ್ಲಿ ಸೇರಿದುದೆಂಬುದು ನಮ್ಮ ಮನೆಗಳ ಮಕ್ಕಳಿಗೂ ತಿಳಿದ ಸಂಗತಿ. ನಾನೂ ಅದನ್ನು ಪಾಲಿಸಿಕೊಂಡು ಬಂದವನೇ. ಆದರೂ 1996ರಲ್ಲಿ ಸಾರಾಯಿ ಹರಾಜಿನ ಕಾಗದವೊಂದರ ಮೇಲೆ ನನ್ನ ಸಹಿ ಬಿದ್ದಿತು.

ನಮ್ಮ ಪಾವಗಡ ತಾಲ್ಲೂಕನ್ನು ಆಂಧ್ರದ ನೆಲ ಬಹುಪಾಲು ಸುತ್ತುವರಿದಿದೆ. 1995ರ ಜನವರಿಯಲ್ಲಿ ಆ ರಾಜ್ಯವು ಸಂಪೂರ್ಣ ಪಾನನಿಷೇಧವನ್ನು ಜಾರಿಗೊಳಿಸಿತು. ಗಡಿಯ ಈಚೆಯ ಸಾರಾಯಿ ಅಂಗಡಿಗೆ ಆಗ ಎಂತಹ ಬೆಲೆ ಬಂದಿರಬಹುದೆಂದು ವ್ಯಾಪಾರಿಗಳಿಗೆ ಬಿಡಿಸಿ ಹೇಳಬೇಕಿಲ್ಲ. ನನ್ನ ಕಡಲೆಕಾಯಿ ಮಂಡಿಯೊಡನೆ ಬಹುಕಾಲದ ವ್ಯವಹಾರವಿದ್ದ ಗೃಹಸ್ಥರೊಬ್ಬರು ಹರಾಜು ಕೂಗಿ, ಜಾಮೀನು ಕೇಳಿದರು. ನಾನು ಕುಡಿಯುವವನಲ್ಲ, ಮಾರುವವನಲ್ಲ, ಬರಿಯ ಸಹಿಯಲ್ಲವೇ ಎಂದುಕೊಂಡೆ. (ಬಿ.ಕಾಂ. ಓದಿದವನು ಹಾಗೆನ್ನಬಾರದಿತ್ತು.)

1997ರಲ್ಲಿ ಆಂಧ್ರದ ನಿಷೇಧ ಸಡಿಲಿತು. ಇತ್ತ ಗುತ್ತಿಗೆದಾರರ ಕಿಸ್ತು ನಿಂತಿತು. ಹರಾಜಿನ ಷರತ್ತುಗಳೇ ಅನ್ಯಾಯವೆಂದು ಅವರು ಉಚ್ಚ ನ್ಯಾಯಾಲಯಕ್ಕೆ ಹೋದರು. ಬಾಕಿಯ ನೋಟೀಸು ನನಗೆ ಬಂದಿತು. ನನ್ನ ವಕೀಲರು ಹರಶಂಕರ್ ಪ್ರಕರಣದ 1975ರ ತೀರ್ಪನ್ನು ತೆರೆದು ತೋರಿಸಿದರು. ಪಂಜಾಬಿನ ಹರಾಜುದಾರರದು ಆ ಪ್ರಕರಣ. ಷರತ್ತುಗಳನ್ನು ತಿಳಿದೇ ಕೂಗಿದವನು, ನಷ್ಟವಾಯಿತೆಂದು ಆ ಕರಾರಿನಿಂದ ನುಣುಚಿಕೊಳ್ಳಲಾಗದೆಂದು ಸರ್ವೋಚ್ಚ ನ್ಯಾಯಾಲಯ ಹೇಳಿತ್ತು. ವಾದ ನಿಲ್ಲಲಿಲ್ಲ. ಹಣ ಕಟ್ಟಿದೆ. ಯಾವ ಬಾಬ್ತಿನಲ್ಲಿ ಬರೆಯಲೆಂದು ಗುಮಾಸ್ತ ಕೇಳಿದಾಗ ನನ್ನ ಸ್ವಂತ ಖಾತೆಗೆ ಬರೆಯಿಸಿದೆ.

ಆಮೇಲೆ ಕುತೂಹಲದಿಂದ ಖೋಡೇಸ್ ಡಿಸ್ಟಿಲರೀಸ್ ಪ್ರಕರಣದ 1994ರ ತೀರ್ಪನ್ನೂ ಓದಿದೆ. ಮದ್ಯವ್ಯಾಪಾರ ಯಾರ ಮೂಲಭೂತ ಹಕ್ಕೂ ಅಲ್ಲ. ಸರ್ಕಾರ ಅದನ್ನು ನಿಷೇಧಿಸಬಹುದು, ತಾನೊಬ್ಬನೇ ನಡೆಸಲೂಬಹುದು. ಆದರೆ ಪರರಿಗೆ ಅನುಮತಿ ಕೊಡುವುದಾದರೆ ಅರ್ಹರ ನಡುವೆ ಭೇದವೆಣಿಸಬಾರದು ಎಂಬುದು ಅದರ ಸಾರ. ಸನ್ನದಿನ ವ್ಯಾಜ್ಯಗಳು ಬಹುಮಟ್ಟಿಗೆ ಈ ಕೊನೆಯ ಮಾತನ್ನು ಹಿಡಿದೇ ನಡೆಯುತ್ತವೆ: ಟೆಂಡರು ಯಾರ ಪಾಲಾಯಿತು, ಪಕ್ಷಪಾತ ನಡೆಯಿತೇ ಎಂದು. ಕೇಳಬೇಕಾದ ಪ್ರಶ್ನೆಗಳೇ. ಆದರೆ ಗೆದ್ದವನ ಅಂಗಡಿಯ ಮುಂದೆ ಕೂಲಿಯ ಹಣ ಕಳೆದುಕೊಂಡವನು ಆ ವ್ಯಾಜ್ಯದಲ್ಲಿ ವಾದಿಯೂ ಅಲ್ಲ, ಪ್ರತಿವಾದಿಯೂ ಅಲ್ಲ.

ತತ್ತ್ವಾರ್ಥಸೂತ್ರದ ಆರನೆಯ ಅಧ್ಯಾಯದಲ್ಲಿ ಆಸ್ರವದ ಲೆಕ್ಕವೊಂದಿದೆ. ಸಂರಂಭ, ಸಮಾರಂಭ, ಆರಂಭ ಮೂರು, ಮನ, ವಚನ, ಕಾಯ ಮೂರು, ಕೃತ, ಕಾರಿತ, ಅನುಮತ ಮೂರು, ಕಷಾಯ ನಾಲ್ಕು. ಗುಣಿಸಿದರೆ 108. ಹುಡುಗನಾಗಿದ್ದಾಗಲೇ ಇದನ್ನು ಬಾಯಿಪಾಠ ಮಾಡಿದ್ದೆ. ನೋಟೀಸು ಬಂದ ರಾತ್ರಿ ನನ್ನ ಸಹಿ ಅದರಲ್ಲಿ ಯಾವ ಮನೆಯಲ್ಲಿ ಕೂರುತ್ತದೆಂದು ಹುಡುಕಿದೆ. ಅನುಮತವೆಂದುಕೊಂಡೆ. ಜಾಮೀನಿಲ್ಲದೆ ಹರಾಜು ಅವರಿಗೆ ನಿಲ್ಲುತ್ತಲೇ ಇರಲಿಲ್ಲವೆಂಬುದು ನೆನಪಾದಾಗ ಕಾರಿತವೆಂದು ತಿದ್ದಿಕೊಂಡೆ. ಲೋಭವಂತೂ ಇದ್ದೇ ಇತ್ತು. ಆ ಗೃಹಸ್ಥರ ವ್ಯವಹಾರ ಮತ್ತೊಂದು ಮಂಡಿಗೆ ಹೋದೀತೆಂಬ ಭಯ ಅದರದೇ ಮಗು.

ರಾಜ್ಯದಲ್ಲಿ ಸಾರಾಯಿ 2007ರ ಜುಲೈ 1ರಿಂದ ನಿಷಿದ್ಧವಾಯಿತು. ಬಾರುಗಳು ಉಳಿದವು. ಹಂಚಿಕೆಯಾಗದ ಸನ್ನದುಗಳನ್ನು ಇ-ಹರಾಜಿನಲ್ಲಿ ಕೊಡುವುದಾಗಿ 2025ರ ಆಯವ್ಯಯದಲ್ಲಿ ಸರ್ಕಾರ ಸಾರಿದ ಮೇಲೆ ಒಬ್ಬರು ಬಂದು, ಸನ್ನದು ದೊರೆತರೆ ರಸ್ತೆಬದಿಯ ನಮ್ಮ ಮಳಿಗೆ ಬೇಕೆಂದರು. ಬಾಡಿಗೆ ದೊಡ್ಡದು. “ಮಾರುವವರು ನಾವಲ್ಲವಲ್ಲ, ಅಪ್ಪಾಜಿ” ಎಂದ ಮಗ. ಅವನ ಮುಂದೆ ಹಳೆಯ ಖಾತೆಪುಸ್ತಕ ತೆರೆದಿಟ್ಟೆ.

ಮಳಿಗೆಯನ್ನು ಬಿತ್ತನೆ ಬೀಜದವರಿಗೆ ಅರ್ಧ ಬಾಡಿಗೆಗೆ ಕೊಟ್ಟಿದ್ದೇವೆ. ಮಗನಿಗೆ ಇನ್ನೂ ಪೂರ್ಣ ಸಮಾಧಾನವಿಲ್ಲ.