ಸೇತುವೆಯ ಈಚೆಯ ಮೆಂಬರು

ಹರಿಹರ, ತುಂಗಭದ್ರೆಯ ಸೇತುವೆ, ಬೆಳಿಗ್ಗೆ.
ಆಚೆ ದಡ ಕುಮಾರಪಟ್ಟಣಂ. ಅಲ್ಲಿಯ ಕಾರ್ಖಾನೆಯ ಹೆಸರು ಹರಿಹರ ಪಾಲಿಫೈಬರ್ಸ್, ಜಿಲ್ಲೆ ಮಾತ್ರ ಹಾವೇರಿ. ನೂರು ವರ್ಷದ ಹಿಂದೆ ಹೊಳೆ ದಾಟಿದರೆ ಸರ್ಕಾರವೇ ಬೇರೆ. ಈಚೆ ಮೈಸೂರು ಸಂಸ್ಥಾನ, ಆಚೆಯ ರಾಣೆಬೆನ್ನೂರು ಮುಂಬೈ ಪ್ರಾಂತ್ಯ, ಪಕ್ಕದ ಹರಪನಹಳ್ಳಿ ಮದ್ರಾಸಿನದು. ಮಗಳನ್ನು ಹೊಳೆಯಾಚೆ ಕೊಟ್ಟವನ ಅಹವಾಲು ಮೈಸೂರಿಗೆ, ಬೀಗರದು ಮುಂಬೈಗೆ. ಹಬ್ಬದೂಟಕ್ಕೆ ಕೂತಾಗ ಯಾವ ಸರ್ಕಾರವನ್ನು ಬೈಯುತ್ತಿದ್ದರೋ!

ದಾವಣಗೆರೆ, ಮಧ್ಯಾಹ್ನ.
ಆಗ ಇದು ಚಿತ್ರದುರ್ಗ ಜಿಲ್ಲೆಯ ತಾಲ್ಲೂಕು. ಈಚೆಯವರ ಅಹವಾಲಿಗೆ ಒಂದು ದಾರಿಯಿತ್ತು. ಮೈಸೂರಿನ ದಿವಾನ್ ರಂಗಾಚಾರ್ಲು ಕರೆದ ಪ್ರಜಾಪ್ರತಿನಿಧಿ ಸಭೆ ಮೈಸೂರಿನಲ್ಲಿ ಮೊದಲು ಸೇರಿದ್ದು 1881ರ ಅಕ್ಟೋಬರ್ 7ರಂದು, 144 ಮಂದಿ. ತಾಲ್ಲೂಕಿಗೆ ಒಬ್ಬಿಬ್ಬರು ಹಿಡುವಳಿದಾರರು, ಜಿಲ್ಲೆಗೆ ಮೂರ್ನಾಲ್ಕು ವರ್ತಕರು. ದಾವಣಗೆರೆಗೆ ಆಗಿನ್ನೂ ರೈಲೇ ಬಂದಿರಲಿಲ್ಲ. ಅಷ್ಟು ದೂರ ಹೋಗಿ ಮಾಡುತ್ತಿದ್ದುದೇನು? ದಿವಾನರ ಭಾಷಣ ಕೇಳುವುದು, ಕೆರೆ, ರಸ್ತೆ, ಕಂದಾಯದ ಕಷ್ಟ ಹೇಳಿಕೊಳ್ಳುವುದು. ಕಾನೂನು ಮಾಡುವ ಅಧಿಕಾರ ಇರಲಿಲ್ಲ. 1891ರಲ್ಲಿ ಚುನಾವಣೆ ಬಂತು, ಮತ ಮಾತ್ರ ಆಸ್ತಿ, ಕಂದಾಯ ಇದ್ದವರಿಗೆ. 1907ರಲ್ಲಿ ಕಾನೂನು ಮಾಡಲೆಂದು ಬೇರೆಯದೇ ಶಾಸನ ಪರಿಷತ್ತು ಹುಟ್ಟಿತು. ಹಳೆಯ ಸಭೆಗೆ ಕಾಯಿದೆಯ ಬಲ ಸಿಕ್ಕಿದ್ದು 1923ರಲ್ಲಿ. ಅಲ್ಲಿಯವರೆಗೆ ನಾಲ್ಕು ದಶಕ ಬರೀ ಕೇಳಿಕೊಂಡರೇ? ಕೇಳಲೂ ಒಂದು ಹಟ ಬೇಕು, ಬಿಡಿ.

ಅದೇ ದಿನ, ಮಂಡಕ್ಕಿ ಅಂಗಡಿ.
ಚಿಗಟೇರಿಯವರ ಹೆಸರು ಆಸ್ಪತ್ರೆಗೆ, ರಾಜನಹಳ್ಳಿ ಹನುಮಂತಪ್ಪನವರದು ಛತ್ರಕ್ಕೆ. ಆ ಸಭೆಯ ಹಳೆಯ ಮೆಂಬರುಗಳ ಹೆಸರಿನ ಬೋರ್ಡು ನಾನು ಓಡಾಡಿದ ಬೀದಿಗಳಲ್ಲಿ ಒಂದೂ ಕಾಣಲಿಲ್ಲ. ಪಕ್ಕದಲ್ಲಿ ಮಿರ್ಚಿ ತಿನ್ನುತ್ತಿದ್ದ ಹಿರಿಯರನ್ನು ಕೇಳಿದೆ. "ಆಸ್ಪತ್ರಿ ಕಟ್ಸಿದ್ರೆ ಹೆಸ್ರು ಬರೀತಾರೆ ಸಾರ್. ಅರ್ಜಿ ಕೊಟ್ಟೋರ ಹೆಸ್ರು ಯಾರು ಬರೀತಾರೆ?" ಅಂದವರೇ ಇನ್ನೊಂದು ಮಿರ್ಚಿ ತರಿಸಿಕೊಂಡರು.

ರಾತ್ರಿ, ರೈಲು ನಿಲ್ದಾಣ.
ಸಭೆ ಸೇರುತ್ತಿದ್ದುದು ದಸರಾ ಹೊತ್ತಿಗೇ. ಅಹವಾಲು ನೆಪವೋ, ಅಂಬಾರಿ ನೆಪವೋ? 1889ರ ಸುಮಾರಿಗೆ ಇಲ್ಲಿಗೆ ಮೀಟರ್ ಗೇಜ್ ರೈಲು ಬಂತು. ಬೆಂಗಳೂರಿಗೆ ಹೋಗಿ, ಅಲ್ಲಿಂದ ಮೈಸೂರಿನ ಗಾಡಿ ಹತ್ತಬೇಕು. ಹೊಲದಲ್ಲಿ ಕೆಲಸ ಮೈಮೇಲೆ ಬಿದ್ದಿರುವ ಕಾಲ, ಮನೆಯವರು ಏನೆಂದಿರಬೇಕು! ಹಿಂತಿರುಗಿ ಈ ನಿಲ್ದಾಣದಲ್ಲಿ ಇಳಿದವನನ್ನು ಊರವರು ಮೊದಲು ಕೇಳಿದ್ದು ಕೆರೆ ರಿಪೇರಿಯ ಸುದ್ದಿಯನ್ನೋ, ಆನೆಯ ಸುದ್ದಿಯನ್ನೋ? ನಾನಾಗಿದ್ದರೆ ಆನೆಯದನ್ನೇ ಕೇಳುತ್ತಿದ್ದೆ.