ಕರಿಗಾ, ಫ್ರೈಗಾ?

ಕೊಡಗಿನ ಕುಟ್ಟದಲ್ಲಿ ಹಂದಿ ಮಾಂಸ ತರಲು ಹೋದರೆ ಅಂಗಡಿಯವನು ಎಷ್ಟು ಕೆ.ಜಿ. ಎಂದು ಕೇಳುವ ಮೊದಲೇ ಇನ್ನೊಂದು ಪ್ರಶ್ನೆ ಕೇಳುತ್ತಾನೆ: "ಎಂತಕ್ಕೆ ಅಣ್ಣ, ಕರಿಗಾ, ಫ್ರೈಗಾ?" ಆ ಭಾನುವಾರದ ಊಟ ಹೇಗಿರುತ್ತದೆ ಎನ್ನುವುದು ಅಲ್ಲಿಯೇ, ಆ ಕೊರಡಿನ ಮುಂದೆಯೇ ತೀರ್ಮಾನವಾಗುತ್ತದೆ. ಕರಿಗೆ ಎಂದರೆ ಅವನ ಕತ್ತಿ ಚರ್ಮ, ನೆಣ, ಮಾಂಸ ಮೂರೂ ಕೂಡಿದ ಹೊಟ್ಟೆಯ ಭಾಗಕ್ಕೆ ಹೋಗುತ್ತದೆ. ಫ್ರೈಗೆ ಎಂದರೆ ಸ್ವಲ್ಪ ನಿಂತು, ಭುಜವೋ ಬೆನ್ನೋ ಎಂದು ನಮ್ಮ ಮುಖ ನೋಡುತ್ತಾನೆ. ಬಹಳ ಜನ ಅವಸರದಲ್ಲಿ "ಯಾವುದಾದ್ರೂ ಕೊಡು ಮಾರಾಯ" ಎಂದು ಚೀಲ ಚಾಚುತ್ತಾರೆ. ಮನೆಗೆ ಬಂದು ಮಾಂಸ ನಾರು ನಾರಾಯಿತು, ಮೆತ್ತಗಾಗಲೇ ಇಲ್ಲ ಎಂದು ಒಲೆಯನ್ನು ಬೈಯುವವರೂ ಅವರೇ.

ಹಂದಿ ಮಾಂಸವನ್ನು ಬೆರಳುದ್ದ ಪಟ್ಟಿಗಳಾಗಿ ಹೆಚ್ಚಿ, ಎಳಸಾಗಿ ಹುರಿದು ತಿನ್ನುವ ಆಸೆ ಈಗ ಎಲ್ಲ ಮನೆಗಳಲ್ಲೂ ಇದೆ. ಮಕ್ಕಳು ಬೆಂಗಳೂರಿನಿಂದ ಬಂದರೆ ಕೇಳುವುದು ಅದನ್ನೇ. ನನಗೂ ಅದು ಇಷ್ಟ. ಆದರೆ ಅದನ್ನು ಕೊಡವರ ಹಂದಿ ಸಾರಾದ ಪಂದಿ ಕರಿಯ ಲೆಕ್ಕದಲ್ಲಿ ಬೇಯಿಸಲು ಹೋಗಬಾರದು. ಇವೆರಡರ ಹಾದಿ ಬೇರೆ ಬೇರೆ.

ಗೋಣಿಕೊಪ್ಪದಿಂದ ಪೊನ್ನಂಪೇಟೆ, ಹುದಿಕೇರಿ, ಶ್ರೀಮಂಗಲ ದಾಟಿ ಬರುವ ರಸ್ತೆಗೆ ಕೊಡಗಿನ ಕಡೆಯ ಕೊನೆಯ ಪೇಟೆ ಕುಟ್ಟ. ಒಂದು ಕಡೆ ಬ್ರಹ್ಮಗಿರಿ, ಇನ್ನೊಂದು ಕಡೆ ನಾಗರಹೊಳೆ ಕಾಡು, ಮುಂದೆ ತೋಲ್ಪೆಟ್ಟಿ, ಅಲ್ಲಿಂದಲೇ ವಯನಾಡು. ತೋಟಗಳೆಲ್ಲ ಹೆಚ್ಚಾಗಿ ರೊಬಸ್ಟಾ, ಮರಮರಕ್ಕೂ ಕರಿಮೆಣಸಿನ ಬಳ್ಳಿ. ಪೇಟೆಯಲ್ಲಿ ಕೊಡವ ತಕ್ಕ್, ಮಲಯಾಳ, ಕನ್ನಡ ಮೂರೂ ಒಂದೇ ಬೆಂಚಿನ ಮೇಲೆ ಕೂತು ಚಹಾ ಕುಡಿಯುತ್ತವೆ. ಅಡುಗೆಮನೆಗಳೂ ಹಾಗೆಯೇ. ಈ ಮನೆಯಲ್ಲಿ ಪಂದಿ ಕರಿಗೆ ಅಕ್ಕಿತರಿಯ ಉಂಡೆ ಕಡಂಬುಟ್ಟು ಬೇಯುತ್ತಿದ್ದರೆ, ಪಕ್ಕದ ಮನೆಯಲ್ಲಿ ತೆಂಗಿನಕಾಯಿ ಚೂರು ಹಾಕಿ ಪೋರ್ಕ್ ಹುರಿಯುತ್ತಿರುತ್ತಾರೆ. ತಿರುವಾಂಕೂರಿನ ಕಡೆಯಿಂದ ಬೆಟ್ಟ ಹತ್ತಿ ಬಂದು ವಯನಾಡಿನಲ್ಲಿ ನೆಲೆಸಿದ ಕ್ರೈಸ್ತ ಕುಟುಂಬಗಳ ರುಚಿ ಅದು. ವಿರಾಜಪೇಟೆ ಕಡೆ ಹೋದರೆ ಮೂರನೆಯ ರುಚಿ ಸಿಗುತ್ತದೆ. ಅಲ್ಲಿ 1792ರ ಸಂತ ಅನ್ನಮ್ಮನವರ ಚರ್ಚ್ ಇದೆ. ಕರಾವಳಿಯಿಂದ ಬಂದ ಕೊಂಕಣಿ ಕ್ರೈಸ್ತರ ಮನೆಗಳಲ್ಲಿ ಬಫಾತ್ ಪುಡಿ, ವಿನೆಗರ್ ಹಾಕಿದ ಹಂದಿ ಮಾಂಸ ಹಬ್ಬದ ಅಡುಗೆ. ಒಂದೇ ಪ್ರಾಣಿಗೆ ಇಷ್ಟು ಸಣ್ಣ ಸುತ್ತಳತೆಯಲ್ಲಿ ಇಷ್ಟು ಬಗೆಯ ಮರ್ಯಾದೆ ಬೇರೆಲ್ಲಿ ಸಿಕ್ಕೀತು!

ಪಂದಿ ಕರಿ ಹುಟ್ಟಿದ್ದು ಕಾಡುಹಂದಿಗೆ. ಬೆಟ್ಟ ಸುತ್ತಿ, ಗದ್ದೆ ಅಗೆದು ಬೆಳೆದ ಹಂದಿಯ ಮಾಂಸ ಬಿಗಿ, ಕಪ್ಪು ಕೆಂಪು, ನೆಣ ಕಡಿಮೆ. ಅದನ್ನು ಗಂಟೆಗಟ್ಟಲೆ ಕುದಿಸದೆ ಹಲ್ಲಿಗೆ ಬಗ್ಗುತ್ತಿರಲಿಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂದ ಮೇಲೆ ಬೇಟೆ ನಿಂತಿತು, ನಿಲ್ಲಬೇಕಾದದ್ದೇ. ಈಗ ಅಂಗಡಿಯಲ್ಲಿ ಸಿಗುವುದು ಸಾಕಣೆಯ ಬಿಳಿ ಹಂದಿ, ದೊಡ್ಡಿಯಲ್ಲಿ ಕೂತು ತಿಂದು ತಿಂಗಳುಗಳಲ್ಲೇ ಬೆಳೆದದ್ದು. ಅದರ ಮಾಂಸ ಹುಟ್ಟಾ ಮೆತ್ತಗೆ. ಹಂದಿ ಬದಲಾದರೂ ನಮ್ಮ ಕೈಯ ಅಳತೆ ಬದಲಾಗಿಲ್ಲ. ಕುಕ್ಕರಿಗೆ ಹಾಕಿ ಏಳೆಂಟು ವಿಜಲ್ ಕೂಗಿಸಿದರೇ ಸಮಾಧಾನ. ನೆಣ, ಚರ್ಮ ಇದ್ದರೆ ಅದನ್ನೂ ತಡೆದುಕೊಳ್ಳುತ್ತದೆ. ಬೆನ್ನಿನ ನೆಣವಿಲ್ಲದ ಮಾಂಸ ಅದನ್ನು ತಡೆದುಕೊಳ್ಳುವುದಿಲ್ಲ.

ಪಟ್ಟಿಯಾಗಿ ಹೆಚ್ಚುವುದೂ ಹಳೆಯ ವಿದ್ಯೆಯೇ. ಹಿಂದೆ ಹೆಚ್ಚಾದ ಮಾಂಸವನ್ನು ಉದ್ದುದ್ದ ಸೀಳಿ, ಉಪ್ಪು, ಅರಿಸಿನ ಸವರಿ ಒಲೆಯ ಮೇಲೆ ಹೊಗೆ ತಾಗುವ ಹಾಗೆ ತೂಗುಹಾಕುತ್ತಿದ್ದರು. ಮಳೆಗಾಲದಲ್ಲಿ ವಾರಗಟ್ಟಲೆ ಬಿಸಿಲೇ ಕಾಣದ ಊರು ಇದು. ಒಣಗಿಸಲು ಒಲೆಯೊಂದೇ ದಿಕ್ಕು. ಆ ಒಣಕೆರ್ಚಿಯನ್ನು ಬೇಕಾದಾಗ ಇಳಿಸಿ, ನೀರಲ್ಲಿ ನೆನೆಸಿ, ಜಜ್ಜಿ ಹುರಿಯುತ್ತಿದ್ದರು. ಗ್ಯಾಸ್ ಬಂದ ಮೇಲೆ ಹೊಗೆ ಹೋಯಿತು, ಫ್ರಿಜ್ ಬಂದ ಮೇಲೆ ಅಗತ್ಯವೂ ಹೋಯಿತು. ಕಟ್ಟಿಗೆ ಒಲೆ ಉಳಿಸಿಕೊಂಡಿರುವ ಕೆಲವು ಮನೆಗಳಲ್ಲಿ ಇನ್ನೂ ಮಾಡುತ್ತಾರೆ. ಅಂಥ ಮನೆಯವರ ಸ್ನೇಹ ಬಿಡಬೇಡಿ.

ಈಗ ಪಟ್ಟಿಗೆ ಬರೋಣ. ಬೆನ್ನುಮೂಳೆಯ ಎರಡೂ ಬದಿಗೆ ಓಡುವ ಮಾಂಸ, ಅದರ ಒಳಗೆ ಸೊಂಟದ ಹತ್ತಿರ ಅಡಗಿರುವ ಸಣ್ಣ ಉದ್ದನೆಯ ತುಂಡು, ಇವು ಹಂದಿ ಹೆಚ್ಚು ದುಡಿಸದ ಸ್ನಾಯುಗಳು. ಎಳಸಾದ ಪಟ್ಟಿಗೆ ಇವೇ ಸರಿ. ಅಂಗಡಿಯಲ್ಲಿ ತುಂಡು ಮಾಡಿಸಬೇಡಿ. ಇಡಿಯಾಗಿ ತನ್ನಿ. ಅರ್ಧ ಗಂಟೆ ಫ್ರೀಜರ್‌ನಲ್ಲಿಟ್ಟರೆ ಮಾಂಸ ಗಟ್ಟಿಯಾಗಿ ಕತ್ತಿಯ ಕೆಳಗೆ ಜಾರದೆ ನಿಲ್ಲುತ್ತದೆ. ಬೆಳಕಿಗೆ ಹಿಡಿದು ನೋಡಿದರೆ ಎಳೆ ಯಾವ ಕಡೆ ಓಡುತ್ತದೆ ಎಂದು ಸ್ಪಷ್ಟವಾಗಿ ಕಾಣುತ್ತದೆ. ಕತ್ತಿ ಆ ಎಳೆಗೆ ಅಡ್ಡವಾಗಿ ಹೋಗಬೇಕು. ಎಳೆಯ ಉದ್ದಕ್ಕೆ ಹೆಚ್ಚಿದರೆ ಪಟ್ಟಿ ನೋಡಲು ಚೆಂದ, ಬಾಯಲ್ಲಿ ಮಾತ್ರ ಹಗ್ಗದ ಹಾಗೆ. ಅಡ್ಡ ಹೆಚ್ಚಿದಾಗ ಪ್ರತಿ ಎಳೆಯೂ ಮೊದಲೇ ತುಂಡಾಗಿರುತ್ತದೆ. ಹಲ್ಲಿನ ಅರ್ಧ ಕೆಲಸವನ್ನು ಕತ್ತಿಯೇ ಮುಗಿಸಿರುತ್ತದೆ. ಕಿರುಬೆರಳ ದಪ್ಪ ಸಾಕು. ತೀರಾ ತೆಳುವಾದರೆ ಬಾಣಲೆಗೆ ಬಿದ್ದ ಕೂಡಲೇ ಒಣಗುತ್ತದೆ.

ಹೆಚ್ಚಿದ ಪಟ್ಟಿಗಳನ್ನು ಬಟ್ಟೆಯಲ್ಲಿ ಒತ್ತಿ ನೀರು ತೆಗೆಯಿರಿ. ಇದನ್ನು ಯಾರೂ ಮಾಡುವುದಿಲ್ಲ, ಮಾಡಲೇಬೇಕಾದದ್ದು ಇದೇ. ಒದ್ದೆ ಮಾಂಸ ಬಾಣಲೆಯಲ್ಲಿ ಹುರಿಯುವ ಬದಲು ಬೇಯುತ್ತದೆ, ಬೂದು ಬಣ್ಣಕ್ಕೆ ತಿರುಗುತ್ತದೆ. ಉಪ್ಪು, ಅರಿಸಿನ, ತರಿತರಿಯಾಗಿ ಕುಟ್ಟಿದ ಕರಿಮೆಣಸು ಹಾಕಿ ಅರ್ಧ ಗಂಟೆ ಬಿಡಿ. ಅಷ್ಟರಲ್ಲಿ ದಪ್ಪ ತಳದ ಬಾಣಲೆಯಲ್ಲಿ ಒಂದು ಹಿಡಿ ನೆಣದ ಚೂರು ಹಾಕಿ ಸಣ್ಣ ಉರಿಯಲ್ಲಿ ಕರಗಿಸಿ. ಬೇರೆ ಎಣ್ಣೆ ಬೇಡ. ಕೊಬ್ಬು ಕರಗಿ ಚೂರುಗಳು ಹೊಂಬಣ್ಣಕ್ಕೆ ಬಂದಾಗ ತೆಗೆದಿಡಿ, ಮನೆಯ ಮಕ್ಕಳು ಅವನ್ನು ಉಳಿಸಲಾರರು. ಈಗ ಉರಿ ಜೋರು. ಪಟ್ಟಿಗಳನ್ನು ಸ್ವಲ್ಪ ಸ್ವಲ್ಪವೇ, ಒಂದಕ್ಕೊಂದು ತಾಗದಂತೆ ಹಾಕಿ. ಒಂದು ಬದಿ ಕೆಂಪಾಗುವ ತನಕ ಸೌಟು ಆಡಿಸಬೇಡಿ. ತಿರುವಿ ಹಾಕಿ. ಎಲ್ಲ ಸೇರಿ ಮೂರು ನಾಲ್ಕು ನಿಮಿಷ, ಅಷ್ಟೇ. ತೆಗೆದು ತಟ್ಟೆಗೆ ಹಾಕಿ ಮುಚ್ಚಿಡಿ. ಅದೇ ಬಾಣಲೆಯಲ್ಲಿ ಸಣ್ಣ ಈರುಳ್ಳಿ, ಶುಂಠಿ, ಬೆಳ್ಳುಳ್ಳಿ, ಸೀಳಿದ ಸೂಜಿಮೆಣಸು, ಕರಿಬೇವು ಬಾಡಿಸಿ, ಪಟ್ಟಿಗಳನ್ನು ಅವು ಬಿಟ್ಟ ರಸದ ಸಮೇತ ವಾಪಸ್ ಹಾಕಿ, ಒಂದು ಚಮಚ ಹುರಿದ ಮಸಾಲೆ ಪುಡಿ ಉದುರಿಸಿ. ಇಳಿಸುವ ಹೊತ್ತಿಗೆ ಅರ್ಧ ಚಮಚ ಕಾಚಂಪುಳಿ, ನಮ್ಮ ಕಪ್ಪು ಹುಳಿ ಪಾಕ.

ಭುಜದ ಮಾಂಸವಾದರೆ ಈ ಅವಸರ ನಡೆಯದು. ಭುಜ, ತೊಡೆ ಎಂದರೆ ನಡೆದಾಡಿದ ಸ್ನಾಯು. ಎಳೆಗಳ ನಡುವೆ ಬಿಳಿ ಪೊರೆ ತುಂಬಿರುತ್ತದೆ. ಆ ಪೊರೆ ಕರಗಿ ಅಂಟಂಟಾಗಲು 70 ಡಿಗ್ರಿಗೂ ಮೇಲಿನ ಶಾಖದಲ್ಲಿ, ಹಸಿ ಆವಿಯಲ್ಲಿ, ಸಾವಕಾಶವಾಗಿ ಬೇಯಬೇಕು. ದೊಡ್ಡ ಪಟ್ಟಿಗಳಾಗಿ ಹೆಚ್ಚಿ, ಉಪ್ಪು, ಅರಿಸಿನದೊಂದಿಗೆ ಮುಚ್ಚಿ, ತನ್ನದೇ ನೀರಲ್ಲಿ ಸಣ್ಣ ಉರಿಯ ಮೇಲೆ ಒಂದು ಗಂಟೆಯ ಮೇಲೆ ಬೇಯಿಸಿ. ನೀರು ಬತ್ತಿ ಕೊಬ್ಬು ಬಿಟ್ಟು ಚಟಚಟ ಎನ್ನಲು ತೊಡಗಿದ ಮೇಲೆ ಅದರಲ್ಲೇ ಹುರಿಯಿರಿ. ಬೆನ್ನಿನದ್ದಕ್ಕಿಂತ ರುಚಿ ಇದಕ್ಕೇ ಹೆಚ್ಚು ಎಂಬುದು ನನ್ನ ಪಕ್ಷ. ಪುರುಸೊತ್ತು ಇರುವ ದಿನ ನಾನು ಭುಜವನ್ನೇ ತರುತ್ತೇನೆ. ಅತ್ತ ಪೂರ್ತಿ ಅವಸರವೂ ಅಲ್ಲ, ಇತ್ತ ಪೂರ್ತಿ ಸಾವಧಾನವೂ ಅಲ್ಲ ಎಂಬಂತೆ ಇಪ್ಪತ್ತು ನಿಮಿಷ ಬೇಯಿಸಿದರೆ ಬೆನ್ನು, ಭುಜ ಎರಡೂ ಕೆಡುತ್ತವೆ.

ಪರಂಗಿಕಾಯಿ ಅರೆದು ಹಚ್ಚಿದರೆ ಮೆತ್ತಗಾಗುತ್ತದಲ್ಲ ಎಂದು ಕೇಳುವವರಿದ್ದಾರೆ. ಆಗುತ್ತದೆ. ಹಸಿ ಪರಂಗಿಯ ಹಾಲಿನಲ್ಲಿರುವ ಪಪೈನ್ ಮಾಂಸದ ಎಳೆಯನ್ನೇ ಕತ್ತರಿಸುತ್ತದೆ. ಆದರೆ ಮೇಲ್ಮೈ ಹಿಟ್ಟಾಗಿ ಒಳಗೆ ಹಾಗೇ ಉಳಿಯುತ್ತದೆ. ಮುದಿ ಆಡಿಗೆ ಬೇಕಾದೀತು, ಸಾಕಿದ ಹಂದಿಗೆ ಅನಗತ್ಯ. ಚೀನೀ ಹೋಟೆಲಿನವರ ಅಡುಗೆ ಸೋಡಾದ ಉಪಾಯ ಅದಕ್ಕಿಂತ ಮೇಲು. ಚಿಟಿಕೆ ಸೋಡಾ ಸವರಿ ಕಾಲು ಗಂಟೆ ಬಿಟ್ಟು ತೊಳೆದರೆ ಕ್ಷಾರದ ಗುಣದಿಂದ ಮಾಂಸ ನೀರನ್ನು ಬಿಗಿಯಾಗಿ ಹಿಡಿದುಕೊಳ್ಳುತ್ತದೆ, ಉರಿಗೆ ಒಣಗುವುದಿಲ್ಲ. ಹುಳಿಯ ಗುಣ ಇದಕ್ಕೆ ತೀರಾ ವಿರುದ್ಧ. ಹದವಾದ ಹುಳಿ ತಾಗಿದ ಮಾಂಸ ನೀರು ಬಿಟ್ಟುಕೊಡುತ್ತದೆ, ಬಿಗಿಯಾಗುತ್ತದೆ. ನಮ್ಮ ತೋಟದ ಪಕ್ಕದ ಮನೆಯ ಅಕ್ಕನಿಗೆ ಈ ರಸಾಯನಶಾಸ್ತ್ರ ಯಾರೂ ಹೇಳಿಕೊಟ್ಟಿಲ್ಲ. ಆದರೂ ಅವರ ಒಲೆಯ ಮುಂದೆ ನಿಂತು ಕಾಚಂಪುಳಿ ಬಾಟಲಿಗೆ ಕೈ ಹಾಕಿದವರಿಗೆಲ್ಲ ಒಂದೇ ಮಾತು: "ಎಂತ ಅವಸರ ನಿಮಗೆ? ಹುಳಿ ಕೊನೆಗೆ. ಮೊದಲೇ ಹಾಕಿದ್ರೆ ಮಾಂಸ ಮುನಿಸ್ಕೊಳ್ತದೆ." ಕೊಡಗಿನ ಅಡುಗೆಯಲ್ಲಿ ಕಾಚಂಪುಳಿ ಕೊನೆಗೆ ಬೀಳುವ ಕ್ರಮ ಸುಮ್ಮನೆ ಬಂದದ್ದಲ್ಲ.

ಕಾಚಂಪುಳಿಯ ಬಗ್ಗೆ ನಾಲ್ಕು ಮಾತು ಆಡದೆ ಮುಂದೆ ಹೋಗಲು ನನಗೆ ಮನಸ್ಸಿಲ್ಲ. ದಕ್ಷಿಣ ಕನ್ನಡದವರು ಇದನ್ನು ಪುನರ್ಪುಳಿ ಎಂದುಕೊಳ್ಳುವುದುಂಟು. ಅದು ದಾಯಾದಿ ಮರ, ಇದು ಬೇರೆ. ಶಿರಸಿ ಕಡೆಯವರ ಉಪ್ಪಾಗೆಯೇ ಇದು. ಸಣ್ಣ ಕುಂಬಳದ ಹಾಗೆ ಏಣು ಏಣಿರುವ ಹಣ್ಣು, ಮಳೆಗಾಲದಲ್ಲಿ ಹಳದಿಯಾಗಿ ಕೆಳಗೆ ಬೀಳುತ್ತದೆ. ಅದರ ಹುಳಿಯಲ್ಲಿರುವ ಆಮ್ಲ ಮೈ ಕರಗಿಸುತ್ತದೆಂದು ಹೊರದೇಶಗಳಲ್ಲಿ ಸುದ್ದಿಯಾಗಿ, 1990ರ ದಶಕದಲ್ಲಿ ಉತ್ತರ ಕನ್ನಡದ ಕಾಡಿನಲ್ಲಿ ಉಪ್ಪಾಗೆ ಸಿಪ್ಪೆಗೆ ಎಲ್ಲಿಲ್ಲದ ಬೆಲೆ ಬಂದಿತ್ತು. ತೋಲ್ಪೆಟ್ಟಿಯ ಆಚೆ ಇದೇ ಹಣ್ಣಿನ ಸಿಪ್ಪೆಯನ್ನು ಹೊಗೆಯಲ್ಲಿ ಒಣಗಿಸಿ, ಕುಡಂಪುಳಿ ಮಾಡಿ ಮೀನಿನ ಸಾರಿಗೆ ಹಾಕುತ್ತಾರೆ. ಈಚೆ ನಾವು ಹಣ್ಣನ್ನು ಬುಟ್ಟಿಯಲ್ಲಿ ಪೇರಿಸಿ, ಕೊಳೆಯುತ್ತಾ ತೊಟ್ಟಿಕ್ಕುವ ರಸವನ್ನು ಕೆಳಗಿಟ್ಟ ಪಾತ್ರೆಯಲ್ಲಿ ಹಿಡಿದು, ಗಂಟೆಗಟ್ಟಲೆ ಕುದಿಸಿ ಕಪ್ಪು ಪಾಕ ಮಾಡುತ್ತೇವೆ. ಬಾಟಲಿಯಲ್ಲಿಟ್ಟರೆ ವರ್ಷಗಟ್ಟಲೆ ಕೆಡದು. ಗಡಿಯ ಒಂದು ಗೇಟಿನ ಆಚೆ ಈಚೆ ಒಂದೇ ಮರ ಮೀನಿಗೂ ಹಂದಿಗೂ ಹುಳಿ ಕೊಡುತ್ತದೆ.

ಮಸಾಲೆಯದ್ದು ಹೆಚ್ಚು ಹೇಳುವುದಿಲ್ಲ. ಕೊತ್ತಂಬರಿ, ಜೀರಿಗೆ, ಕರಿಮೆಣಸು, ಸಾಸಿವೆ, ನಾಲ್ಕು ಕಾಳು ಮೆಂತೆ. ಒಂದೊಂದನ್ನೂ ಬೇರೆ ಬೇರೆ, ಸುಟ್ಟೇ ಹೋಯಿತೇನೋ ಎನ್ನುವ ಅಂಚಿನ ತನಕ ಹುರಿಯಬೇಕು. ಕಪ್ಪು ಬಣ್ಣ ಬರುವುದು ಅದರಿಂದ ಮತ್ತು ಕಾಚಂಪುಳಿಯಿಂದ. ತೆಂಗಿನಕಾಯಿ, ಟೊಮೇಟೊ ಇಲ್ಲಿಗೆ ಬರಕೂಡದು.

ಇನ್ನೊಂದು ಮಾತು, ಆರೋಗ್ಯದ್ದು. ಹಂದಿ ಮಾಂಸದಲ್ಲಿ ಲಾಡಿಹುಳುವಿನ ಮರಿಹುಳುವಿನ ಕೋಶ ಇರುವ ಸಾಧ್ಯತೆ ಇದ್ದೇ ಇದೆ. ಅಕ್ಕಿಕಾಳಿನಷ್ಟು ಬಿಳಿ ಗುಳ್ಳೆಗಳು ಕಂಡರೆ ಆ ಮಾಂಸ ಬೇಡವೇ ಬೇಡ. ನಂಬಿಕೆಯ ಅಂಗಡಿ, ಸಾಕಣೆಯ ಹಂದಿ, ಒಳಗೆ ನಸುಗೆಂಪು ಉಳಿಯದಂತೆ ಬೇಯಿಸುವುದು, ಈ ಮೂರರಲ್ಲಿ ಸಡಿಲ ಬಿಡಬಾರದು. ಕಿರುಬೆರಳ ದಪ್ಪದ ಪಟ್ಟಿಗೆ ಜೋರು ಉರಿಯಲ್ಲಿ ನಾಲ್ಕು ನಿಮಿಷ ಎಂದರೆ ಒಳತನಕ ಬೆಂದಿರುತ್ತದೆ. ಅನುಮಾನವಿದ್ದರೆ ದಪ್ಪದ್ದೊಂದನ್ನು ಮುರಿದು ನೋಡಿ.

ಸೆಪ್ಟೆಂಬರ್ ಮೊದಲ ವಾರ ಕೈಲ್ ಪೊಳ್ದ್ ಹಬ್ಬ ಬರುತ್ತದೆ. ನಾಟಿ ಮುಗಿದು, ಕೋವಿ, ಕತ್ತಿಗಳಿಗೆ ಹೂವಿಟ್ಟು ಪೂಜೆ ಮಾಡಿ ಕೂರುವ ಊಟದಲ್ಲಿ ಪಂದಿ ಕರಿ ಇಲ್ಲದ ಕೊಡವ ಮನೆ ಹುಡುಕುವುದು ಕಷ್ಟ. ಮದುವೆಯ ಹಿಂದಿನ ದಿನ ಊರವರು ಕೂಡಿ ಮಾಂಸ ಹೆಚ್ಚುವಾಗ ಕೂತು ನೋಡಬೇಕು. ಹಿರಿಯರು ಕತ್ತಿಯನ್ನು ಅಲುಗಿಸದೆ ಹಿಡಿದು ಮಾಂಸವನ್ನೇ ಅದರ ಮೇಲೆ ಎಳೆಯುತ್ತಾರೆ, ತುಂಡುಗಳು ಒಂದೇ ಅಳತೆಗೆ ಬೀಳುತ್ತವೆ. ಒಂದೇ ಅಳತೆಗೆ ಬಿದ್ದದ್ದಕ್ಕೇ ಹಂಡೆಯಲ್ಲಿ ಎಲ್ಲವೂ ಒಟ್ಟಿಗೆ ಬೇಯುವುದು. ಪಕ್ಕದಲ್ಲಿ ಕೂತ ಹುಡುಗರು ಮೊಬೈಲ್ ಕೆಳಗಿಟ್ಟು ಅದನ್ನು ಕಲಿತರೆ ಎಷ್ಟು ಚೆನ್ನ ಎಂದು ನನಗೆ ಪ್ರತಿ ಸಲವೂ ಅನ್ನಿಸುತ್ತದೆ. ಆ ಕೈಗಳು ಪುಸ್ತಕದಲ್ಲಿ ಸಿಗುವುದಿಲ್ಲ.

ಕುಟ್ಟದ ಕಡೆ ಬಂದರೆ ಹೊಳೆ, ಕಾಡು ನೋಡಿ ಹಿಂದಿರುಗುವ ಮೊದಲು ಒಂದು ಬಾಟಲಿ ಕಾಚಂಪುಳಿ ಕೊಂಡುಕೊಳ್ಳಿ. ಮನೆಯಲ್ಲಿ ಕುದಿಸಿದವರ ಹತ್ತಿರವೇ ಕೊಳ್ಳಿ, ಬಾಟಲಿ ಓರೆ ಮಾಡಿದರೆ ನಿಧಾನಕ್ಕೆ ಇಳಿಯುವಷ್ಟು ಮಂದವಿರಬೇಕು. ವಿನೆಗರಿಗೆ ಬಣ್ಣ ಕಟ್ಟಿ ಮಾರುವುದನ್ನು ಮುಟ್ಟಬೇಡಿ, ಅದಕ್ಕಿಂತ ನಿಂಬೆಹಣ್ಣು ಹಿಂಡಿದರೂ ಸರಿಯೇ. ಮತ್ತೆ, ಅಂಗಡಿಯವನು ಕರಿಗಾ, ಫ್ರೈಗಾ ಎಂದು ಕೇಳಿದಾಗ ದಯವಿಟ್ಟು ನಿಂತು ಉತ್ತರ ಹೇಳಿ.